ಒಂದೇ ಭಾಷೆ, ಅದೇ ದೇವರುಗಳು. ಆದರೂ ಗ್ರೀಕರು ಯಾಕೆ ಒಂದು ದೇಶ ಆಗಲಿಲ್ಲ?

ಹೊಳೆದಂಡೆ:
ಎಲ್ಲರಿಗೂ ನಮಸ್ಕಾರ. ಪ್ರಾಚೀನ ಗ್ರೀಸಿನ ಬಗ್ಗೆ ಓದುತ್ತಿದ್ದೇನೆ, ಒಂದು ಪ್ರಶ್ನೆ ಮಾತ್ರ ಬಗೆಹರಿಯುತ್ತಿಲ್ಲ. ಅವರೆಲ್ಲ ಗ್ರೀಕ್ ಮಾತಾಡುತ್ತಿದ್ದರು. ಜ್ಯೂಸ್, ಅಪೊಲೊ, ಅಥೀನಾ ಎಲ್ಲರಿಗೂ ದೇವರೇ. ಒಲಿಂಪಿಯಾದ ಆಟಕ್ಕೆ ಎಲ್ಲ ಊರಿನವರೂ ಬರುತ್ತಿದ್ದರು, ಭವಿಷ್ಯ ಕೇಳುವುದಕ್ಕೆ ಎಲ್ಲ ಕಡೆಯಿಂದಲೂ ಡೆಲ್ಫಿಗೆ ಹೋಗುತ್ತಿದ್ದರು. ಕ್ರಿ.ಪೂ. 480ರಲ್ಲಿ ಪರ್ಷಿಯಾದ ದೊರೆ ಕ್ಸರ್ಕ್ಸೀಸ್ ದಂಡು ಕಟ್ಟಿಕೊಂಡು ಬಂದಾಗ ಅವರಲ್ಲಿ ಕೆಲವರು ಒಟ್ಟಿಗೆ ನಿಂತರು, ಗೆದ್ದರು ಕೂಡ. ಅದಾಗಿ ಐವತ್ತು ವರ್ಷ ತುಂಬುವ ಮೊದಲೇ ಅಥೆನ್ಸ್ ಮತ್ತು ಸ್ಪಾರ್ಟಾ 27 ವರ್ಷ ಎಳೆದ ಯುದ್ಧಕ್ಕೆ ಇಳಿದವು. ನಾನು ಓದಿದ ಪಠ್ಯದಲ್ಲಿ ಬೆಟ್ಟಗುಡ್ಡ ಜಾಸ್ತಿ, ಅದಕ್ಕೇ ಬೇರೆ ಬೇರೆ ನಗರರಾಜ್ಯಗಳು ಹುಟ್ಟಿದವು ಅಂತ ಒಂದು ಸಾಲಲ್ಲಿ ಮುಗಿಸಿದ್ದಾರೆ. ಅಷ್ಟೇನಾ?

ಕಲ್ಲುಮಂಟಪ:
ಬೆಟ್ಟದ ಕಾರಣ ಅರ್ಧ ಮಾತ್ರ ನಿಜ. ಕೆಯೋಸ್ ಅಂತ ಒಂದು ದ್ವೀಪ ಇದೆ, ಈಗ ಕೆಯಾ ಅನ್ನುತ್ತಾರೆ, ಸುಮಾರು 130 ಚದರ ಕಿ.ಮೀ. ಅಷ್ಟೇ. ಅಷ್ಟರಲ್ಲೇ ನಾಲ್ಕು ನಗರರಾಜ್ಯ ಇದ್ದವು: ಯೂಲಿಸ್, ಕಾರ್ಥಾಯಾ, ಕೊರೆಸಿಯಾ, ಪೊಯೆಸ್ಸಾ. ಬೆಳಿಗ್ಗೆ ಹೊರಟರೆ ಸಂಜೆಯೊಳಗೆ ನಡೆದು ಹೋಗಬಹುದಾದ ದೂರಕ್ಕೆ ಬೆಟ್ಟ ಅಡ್ಡ ಬಂತು ಅಂತ ಹೇಳೋಕಾಗಲ್ಲ. ಇನ್ನೊಂದು ಕಡೆ ಅಥೆನ್ಸ್ ಇರುವ ಅಟ್ಟಿಕಾ ನಾಡು ನೋಡಿ. ಸುಮಾರು 2,500 ಚದರ ಕಿ.ಮೀ., ನಡುವೆ ಹಿಮೆಟ್ಟಸ್, ಪೆಂಟೆಲಿಕಾನ್ ಬೆಟ್ಟಗಳು. ಆದರೂ ಪೂರ್ವದ ಮ್ಯಾರಥಾನಿನ ರೈತನೂ ಪಶ್ಚಿಮದ ಎಲ್ಯೂಸಿಸಿನ ರೈತನೂ ಅಥೆನ್ಸಿನ ಪ್ರಜೆಗಳೇ. ಪಕ್ಕದ ಬಿಯೋಷಿಯಾ ಹೆಚ್ಚುಕಡಿಮೆ ಅಷ್ಟೇ ದೊಡ್ಡದು, ಬಯಲೂ ಜಾಸ್ತಿ, ಅಲ್ಲಿ ಮಾತ್ರ ಥೀಬ್ಸ್, ಆರ್ಕೊಮೆನಸ್, ಥೆಸ್ಪಿಯೆ, ಪ್ಲಾಟಿಯಾ ಅಂತ ಒಂದಕ್ಕೊಂದು ಆಗದ ಊರುಗಳು. ನೆಲ ನೋಡಿ ಇದನ್ನು ವಿವರಿಸೋದು ಕಷ್ಟ.

ನೀಲಿಹಾಯಿ:
ಕಲ್ಲುಮಂಟಪ ಅವರು ಹೇಳಿದ್ದು ಸರಿ. ನನ್ನ ಪ್ರಕಾರ ಉತ್ತರ ನೆಲದಲ್ಲಿಲ್ಲ, ಸದಸ್ಯತ್ವದಲ್ಲಿದೆ. ನಗರರಾಜ್ಯ ಅಂದ ತಕ್ಷಣ ನಮಗೆ ಕೋಟೆ, ದೇವಸ್ಥಾನ, ಮಾರುಕಟ್ಟೆ ಕಣ್ಣಿಗೆ ಬರುತ್ತದೆ. ಅವರಿಗೆ ಅದು ಮೊದಲು ಜನರ ಗುಂಪು. ಸಭೆಯಲ್ಲಿ ಕೂತು ಕೈ ಎತ್ತುವವರು, ಯುದ್ಧ ಬಂದರೆ ಒಂದೇ ಸಾಲಲ್ಲಿ ನಿಲ್ಲುವವರು, ಒಂದೇ ಬಲಿಪೀಠದ ಪಾಲು ಹಂಚಿಕೊಳ್ಳುವವರು.

480ರಲ್ಲಿ ಕ್ಸರ್ಕ್ಸೀಸ್ ವಿರುದ್ಧ ನಡೆದ ಸಲಾಮಿಸ್ ಸಮುದ್ರಯುದ್ಧದ ಹಿಂದಿನ ದಿನಗಳ ಜಗಳವನ್ನು ಗ್ರೀಕ್ ಇತಿಹಾಸಕಾರ ಹೆರೊಡೋಟಸ್ ಬರೆದಿದ್ದಾನೆ. ಅಥೆನ್ಸ್ ಆಗಲೇ ಪರ್ಷಿಯನ್ನರ ಕೈಯಲ್ಲಿತ್ತು. ಊರೇ ಇಲ್ಲದವನಿಗೆ ಇಲ್ಲಿ ಮಾತಾಡುವ ಹಕ್ಕೇನು ಅಂತ ಕೊರಿಂತಿನ ದಂಡನಾಯಕ ಅದೈಮಾಂಟಸ್ ಅಥೆನ್ಸಿನ ದಂಡನಾಯಕ ಥೆಮಿಸ್ಟೋಕ್ಲಿಸ್‌ಗೆ ಕೇಳುತ್ತಾನೆ. ಜನ ತುಂಬಿದ ಇನ್ನೂರು ಹಡಗು ಇರುವ ತನಕ ನಮ್ಮ ಊರು ನಿಮ್ಮದಕ್ಕಿಂತ ದೊಡ್ಡದು ಅಂತ ಥೆಮಿಸ್ಟೋಕ್ಲಿಸ್ ಉತ್ತರ ಕೊಟ್ಟ. ನೀವು ಇಲ್ಲಿ ನಿಂತು ಹೋರಾಡದಿದ್ದರೆ ನಾವು ಹೆಂಡತಿ ಮಕ್ಕಳನ್ನು ಹತ್ತಿಸಿಕೊಂಡು ಇಟಲಿಯ ಸಿರಿಸ್‌ಗೆ ಹೋಗಿಬಿಡುತ್ತೇವೆ ಅಂತಲೂ ಹೆದರಿಸಿದ. ಇದು ಸುಮ್ನೆ ಬಾಯಿಮಾತು ಅಂತ ಕೇಳಿದವರು ತಳ್ಳಿಹಾಕಲಿಲ್ಲ, ಯಾಕಂದರೆ ಹಾಗೆ ನಿಜವಾಗಿ ಹೊರಟವರು ಇದ್ದರು. ಇದಕ್ಕೆ ಸುಮಾರು ಅರವತ್ತು ವರ್ಷ ಹಿಂದೆ ಪರ್ಷಿಯನ್ನರು ಈಗಿನ ಟರ್ಕಿಯ ಕರಾವಳಿಯಲ್ಲಿದ್ದ ಫೋಕಿಯಾ ಅನ್ನುವ ಗ್ರೀಕ್ ಊರಿಗೆ ಮುತ್ತಿಗೆ ಹಾಕಿದಾಗ ಅಲ್ಲಿನವರು ದೇವರ ಮೂರ್ತಿಗಳನ್ನೂ ಮನೆಮಂದಿಯನ್ನೂ ಹಡಗಿಗೆ ಹಾಕಿಕೊಂಡು ಹೊರಟರು. ಕಬ್ಬಿಣದ ಗಟ್ಟಿಯೊಂದನ್ನು ಸಮುದ್ರಕ್ಕೆ ಎಸೆದು, ಇದು ಮೇಲೆ ತೇಲಿ ಬರುವ ತನಕ ವಾಪಸ್ ಬರಲ್ಲ ಅಂತ ಆಣೆ ಮಾಡಿದರು. ಅರ್ಧಕ್ಕಿಂತ ಜಾಸ್ತಿ ಜನ ಊರಿನ ನೆನಪು ತಡೆಯಲಾಗದೆ ಆಣೆ ಮುರಿದು ವಾಪಸ್ ಹೋದರು (ಈ ಭಾಗ ಓದುವಾಗ ನನಗೆ ಪ್ರತಿ ಸಲವೂ ಮನಸ್ಸು ಭಾರವಾಗುತ್ತದೆ). ಉಳಿದವರು ಕಾರ್ಸಿಕಾಗೆ ಹೋಗಿ, ಅಲ್ಲೂ ನೆಲೆ ಸಿಗದೆ, ಕೊನೆಗೆ ದಕ್ಷಿಣ ಇಟಲಿಯಲ್ಲಿ ಎಲಿಯಾ ಊರನ್ನು ಕಟ್ಟಿದರು.

ಈಗ ನಿಮ್ಮ ಪ್ರಶ್ನೆಗೆ ಬರುತ್ತೇನೆ. ಊರು ಅಂದರೆ ಕೂತು ತೀರ್ಮಾನ ಮಾಡುವ ಗುಂಪು ಅಂತಾದರೆ, ಇನ್ನೊಂದು ಊರಿನ ಜೊತೆ ಸೇರಿಕೊಳ್ಳುವುದು ಅಂದರೆ ಏನು? ನಿಮ್ಮ ತೀರ್ಮಾನ ಎರಡು ದಿನದ ದಾರಿ ಆಚೆ ಇರುವ ಸಭೆಯಲ್ಲಿ ಆಗುತ್ತದೆ, ಹೊಲ ಬಿಟ್ಟು ನೀವು ಅಲ್ಲಿಗೆ ಹೋಗೋಕಾಗಲ್ಲ. ಅಂದರೆ ನಿಮ್ಮನ್ನು ಬೇರೆಯವರು ಆಳುತ್ತಾರೆ. ಪರ್ಷಿಯಾ ವಿರುದ್ಧ ಕ್ರಿ.ಪೂ. 478ರಲ್ಲಿ ಅಥೆನ್ಸ್ ಕಟ್ಟಿದ ಕೂಟದಲ್ಲಿ ಆದದ್ದೂ ಅದೇ. ನಕ್ಸೋಸ್ ದ್ವೀಪ ಬಿಟ್ಟು ಹೋಗಲು ನೋಡಿದಾಗ ಅಥೆನ್ಸ್ ಮುತ್ತಿಗೆ ಹಾಕಿ ಬಗ್ಗಿಸಿತು. ಡೆಲೋಸ್ ದ್ವೀಪದಲ್ಲಿದ್ದ ಕೂಟದ ಖಜಾನೆ 454ರ ಹೊತ್ತಿಗೆ ಅಥೆನ್ಸಿಗೇ ಬಂತು. ಕೂಟಕ್ಕೆ ಹಣ ಕಟ್ಟುತ್ತಿದ್ದ ಊರುಗಳ ಜನಕ್ಕೆ ಅಥೆನ್ಸಿನ ಸಭೆಯಲ್ಲಿ ಕೈ ಎತ್ತುವ ಹಕ್ಕು ಸಿಗಲಿಲ್ಲ. ಅದರ ಬದಲು 451ರಲ್ಲಿ ಅಥೆನ್ಸಿನ ನಾಯಕ ಪೆರಿಕ್ಲಿಸ್ ತಂದ ಕಾನೂನು ಬಾಗಿಲನ್ನು ಇನ್ನೂ ಬಿಗಿ ಮಾಡಿತು: ತಂದೆ ತಾಯಿ ಇಬ್ಬರೂ ಅಥೆನ್ಸಿನವರಾಗಿದ್ದರೆ ಮಾತ್ರ ಪ್ರಜೆ. ಎಷ್ಟೋ ವರ್ಷ ಅಲ್ಲೇ ಇದ್ದು ಪಾಠ ಹೇಳಿದ ಅರಿಸ್ಟಾಟಲ್ ಸ್ಟಗಿರಾದವನು, ಹಾಗಾಗಿ ಕೊನೆಯವರೆಗೂ ಅಥೆನ್ಸಿನಲ್ಲಿ ಪರಸ್ಥಳದವನೇ. ರಾಜಕೀಯದ ಬಗ್ಗೆ ಅಷ್ಟು ಬರೆದವನಿಗೆ ಅಲ್ಲಿ ಮತ ಇರಲಿಲ್ಲ.

ಹೊಳೆದಂಡೆ:
ತುಂಬಾ ಥ್ಯಾಂಕ್ಸ್ ನೀಲಿಹಾಯಿ ಅವರೇ. ಹಾಗಾದರೆ ಒಬ್ಬರು ಇನ್ನೊಬ್ಬರನ್ನು ಆಳದೆ, ಸಮನಾಗಿ ಸೇರಿಕೊಂಡದ್ದು ಎಲ್ಲೂ ಇಲ್ವಾ?

ದಾರಿಬುತ್ತಿ:
ಇದೆ, ಮತ್ತು ಅದರ ಬಗ್ಗೆ ಯಾರೂ ಜಾಸ್ತಿ ಮಾತಾಡಲ್ಲ ಅನ್ನೋದು ನನಗೆ ಬೇಸರದ ವಿಷಯ. ಕನ್ನಡದಲ್ಲಿ ಗ್ರೀಸ್ ಅಂದರೆ ಅಥೆನ್ಸ್, ಸ್ಪಾರ್ಟಾ, ಆಮೇಲೆ ಸೀದಾ ಅಲೆಕ್ಸಾಂಡರ್. ನಡುವೆ ಎಷ್ಟೊಂದು ಪ್ರಯೋಗ ನಡೆದಿವೆ!

ಮೇಲೆ ಹೇಳಿದ ಬಿಯೋಷಿಯಾವನ್ನೇ ತಗೊಳ್ಳಿ. ಕ್ರಿ.ಪೂ. 447ರ ನಂತರ ಅಲ್ಲಿನ ಊರುಗಳು ಒಂದು ಒಕ್ಕೂಟ ಮಾಡಿಕೊಂಡವು. ಇಡೀ ನಾಡನ್ನು 11 ಭಾಗ ಮಾಡಿ, ಒಂದೊಂದು ಭಾಗದಿಂದ 60 ಪ್ರತಿನಿಧಿಗಳು, ಒಬ್ಬ ದಂಡನಾಯಕ, ಸುಮಾರು ಸಾವಿರ ಕಾಲಾಳು, ನೂರು ಕುದುರೆ ಸವಾರರು. ದೊಡ್ಡ ಊರಿಗೆ ಜಾಸ್ತಿ ಭಾಗ, ಚಿಕ್ಕ ಊರುಗಳು ಮೂರು ಸೇರಿ ಒಂದು ಭಾಗ. ಥೀಬ್ಸಿನ ಕೈ ಮೇಲಿತ್ತು, ನಿಜ, ಆದರೆ ಲೆಕ್ಕ ಎಲ್ಲರ ಕಣ್ಣ ಮುಂದಿತ್ತು. 408ರ ಸುಮಾರಿಗೆ ರೋಡ್ಸ್ ದ್ವೀಪದ ಲಿಂಡೋಸ್, ಇಯಾಲಿಸೋಸ್, ಕಾಮಿರೋಸ್ ಮೂರೂ ಸೇರಿ ರೋಡ್ಸ್ ಅನ್ನುವ ಹೊಸ ನಗರವನ್ನೇ ಕಟ್ಟಿದವು, ಅದು ಮುಂದೆ ದೊಡ್ಡ ವ್ಯಾಪಾರದ ಬಂದರಾಯಿತು.

ನೀಲಿಹಾಯಿ ಅವರ ವಿವರಣೆ ಒಪ್ಪುತ್ತೇನೆ, ಆದರೆ ಒಂದು ಮಾತು ಸೇರಿಸಲೇಬೇಕು. ಬೇರೆ ಬೇರೆ ಉಳಿಯೋದು ಎಲ್ಲ ಸಲವೂ ಅವರ ಆಯ್ಕೆ ಆಗಿರಲಿಲ್ಲ. 386ರಲ್ಲಿ ಪರ್ಷಿಯಾದ ದೊರೆ ಅರ್ತಾಕ್ಸರ್ಕ್ಸೀಸ್ ಹೇರಿದ ಶಾಂತಿ ಒಪ್ಪಂದ, ಏಷ್ಯಾದವನ್ನು ಬಿಟ್ಟು ಉಳಿದ ಗ್ರೀಕ್ ಊರುಗಳು ಚಿಕ್ಕದಿರಲಿ ದೊಡ್ಡದಿರಲಿ ಸ್ವತಂತ್ರವಾಗಿ ಇರಬೇಕು ಅಂದಿತು. ಕೇಳೋಕೆ ಚೆನ್ನಾಗಿದೆ ಅಲ್ವಾ? ಅದನ್ನು ಜಾರಿ ಮಾಡಿದ್ದು ಸ್ಪಾರ್ಟಾ, ಆ ನೆಪದಲ್ಲಿ ಬಿಯೋಷಿಯಾ ಒಕ್ಕೂಟವನ್ನು ಬಿಚ್ಚಿಸಿತು. ಮರು ವರ್ಷ ಮಾಂಟಿನಿಯಾ ಊರಿನ ಮೇಲೆ ಹೋಗಿ, ಹೊಳೆಗೆ ಕಟ್ಟೆ ಹಾಕಿ ನೀರು ನಿಲ್ಲಿಸಿ, ಹಸಿ ಇಟ್ಟಿಗೆಯ ಕೋಟೆ ಕರಗಿ ಕುಸಿಯುವ ಹಾಗೆ ಮಾಡಿತು, ಆಮೇಲೆ ಅಲ್ಲಿನ ಜನರನ್ನು ಹಳ್ಳಿಹಳ್ಳಿಗೆ ಚದುರಿಸಿತು. 371ರಲ್ಲಿ ಲ್ಯೂಕ್ಟ್ರಾದ ಯುದ್ಧದಲ್ಲಿ ಸ್ಪಾರ್ಟಾ ಥೀಬ್ಸಿನ ಕೈಯಲ್ಲಿ ಸೋತ ಮೇಲೆ ಅದೇ ಜನ ವಾಪಸ್ ಬಂದು ಊರನ್ನು ಮತ್ತೆ ಎಬ್ಬಿಸಿದರು. ಒಡೆದಿಟ್ಟರೆ ಲಾಭ ಇದ್ದವರೂ ಇದ್ದರು ಅನ್ನೋದನ್ನು ಮರೆಯಬಾರದು.

ಬೆಳ್ಳಿಮೋಡ:
ಒಳ್ಳೆ ಚರ್ಚೆ. ಒಂದು ವಿಷಯ ಮಾತ್ರ ಬಿಟ್ಟುಹೋಗಿದೆ. ಕೈ ಎತ್ತುವವರು ಅಂತ ಎಲ್ಲರೂ ಬರೆದಿದ್ದೀರಿ, ಆದರೆ ಆ ಗುಂಪಿನಲ್ಲಿ ಹೆಂಗಸರಿಲ್ಲ, ಗುಲಾಮರಿಲ್ಲ. ಸ್ಪಾರ್ಟಾದ ಪ್ರಜೆಗಳು ಬೇರೆ ದುಡಿಮೆ ಬಿಟ್ಟು ಯುದ್ಧದ ತಾಲೀಮು ಮಾಡಲು ಸಾಧ್ಯವಾದದ್ದು ಹೆಲಟ್ ಅನ್ನುವ ಜೀತದ ಜನ ಹೊಲ ಉತ್ತಿದ್ದಕ್ಕೆ. 480ರಲ್ಲಿ ಸುಮಾರು 8,000 ಇದ್ದ ಸ್ಪಾರ್ಟಾದ ಪೂರ್ಣ ಪ್ರಜೆಗಳು, ಅರಿಸ್ಟಾಟಲ್ ಬರೆಯುವ ಹೊತ್ತಿಗೆ ಸಾವಿರವೂ ಉಳಿದಿರಲಿಲ್ಲ. ಸಾಮೂಹಿಕ ಊಟಕ್ಕೆ ತನ್ನ ಪಾಲಿನ ಧಾನ್ಯ ಕೊಡಲಾಗದವನ ಹಕ್ಕು ಹೋಗುತ್ತಿತ್ತು, ಹೊರಗಿನವರನ್ನು ಒಳಗೆ ಬಿಡುತ್ತಿರಲಿಲ್ಲ, ಜಮೀನು ಕೆಲವರ ಕೈ ಸೇರುತ್ತಾ ಹೋಯಿತು. ಲ್ಯೂಕ್ಟ್ರಾದಲ್ಲಿ ನಾನೂರು ಪ್ರಜೆಗಳು ಸತ್ತದ್ದೇ ಆ ರಾಜ್ಯಕ್ಕೆ ತಡೆಯಲಾಗದ ಪೆಟ್ಟಾಯಿತು.

ಆಮೇಲೆ ಥೀಬ್ಸಿನ ದಂಡನಾಯಕ ಎಪಮಿನೊಂಡಾಸ್ 369ರ ಸುಮಾರಿಗೆ, ಸ್ಪಾರ್ಟಾದ ಹಿಡಿತದಲ್ಲಿದ್ದ ಮೆಸ್ಸೇನಿಯಾ ನಾಡಿನ ಹೆಲಟರನ್ನು ಬಿಡಿಸಿದ. ತಲೆತಲಾಂತರದಿಂದ ಜೀತದಲ್ಲಿದ್ದವರು, ಬಿಡುಗಡೆ ಸಿಕ್ಕಿದ ಕೂಡಲೇ ಅವನ ಸಹಾಯದಿಂದ ಮಾಡಿದ ಮೊದಲ ಕೆಲಸ ತಮ್ಮದೇ ಒಂದು ನಗರರಾಜ್ಯ ಕಟ್ಟಿದ್ದು. ಮೆಸ್ಸೀನಿ ಅಂತ ಹೆಸರು. ಸುಮಾರು 9 ಕಿ.ಮೀ. ಉದ್ದದ ಕಲ್ಲಿನ ಕೋಟೆ ಹಾಕಿದರು, ಅದರ ದೊಡ್ಡ ಭಾಗ ಇವತ್ತಿಗೂ ನಿಂತಿದೆ. ಹೊಳೆದಂಡೆ ಅವರೇ, ಒಂದು ದೇಶ ಯಾಕೆ ಆಗಲಿಲ್ಲ ಅಂತ ಕೇಳಿದ್ದೀರಿ. ಆ ಜನರನ್ನು ಕೇಳಿದ್ದರೆ, ದೊಡ್ಡ ದೇಶ ಅವರಿಗೆ ಬೇಕಾಗಿರಲೇ ಇಲ್ಲ ಅಂತ ನನಗನ್ನಿಸುತ್ತದೆ. ಅವರಿಗೆ ಬೇಕಾಗಿದ್ದು ಸ್ಪಾರ್ಟಾದವರು ಒಳಗೆ ಬರಲಾಗದ ಒಂದು ಊರು, ಅದರಲ್ಲಿ ತಮ್ಮದೇ ಸಭೆ.