ಬಯಲಲ್ಲಿ ಕಲ್ಲುಗೋಡೆ ಸೆಟ್ ನಿಲ್ತಿಲ್ಲ

ಪ್ರಶ್ನೆ: ಬಲ್ಗೇರಿಯಾದ ನು ಬೊಯಾನಾ ಸ್ಟುಡಿಯೋದಲ್ಲಿ ಹಳೇ ರೋಮಿನ ಸೆಟ್ ಬಯಲಲ್ಲೇ ನಿಂತಿದೆ. ಕೋಲಾರದಲ್ಲಿ ಕಿರುಚಿತ್ರಕ್ಕೆ ಹಾಕಿರೋ 8 ಅಡಿ ಪ್ಲೈವುಡ್ ಗೋಡೆ ಗಾಳಿಗೆ ಅಲ್ಲಾಡುತ್ತೆ, ಕಲ್ಲಿನ ಹಾಗೆ ಕಾಣಲಿ ಅಂತ ಮೇಲೆ ಬಳಿದ ಪಿಒಪಿ (ಪ್ಲಾಸ್ಟರ್ ಆಫ್ ಪ್ಯಾರಿಸ್) ಮಾರನೇ ದಿನಕ್ಕೇ ಉದುರುತ್ತೆ. ಏನ್ಮಾಡೋದು?

ಉತ್ತರ 1: ಬರೀ ಪ್ಲೈವುಡ್ ಪಿಒಪಿಯ ನೀರು ಹೀರಿಬಿಡುತ್ತೆ, ಅದಕ್ಕೇ ಹಿಡಿಯಲ್ಲ. ಮೊದಲು ಅಂಟು ಬಳಿದು ಗೋಣಿಬಟ್ಟೆ ಕೂರಿಸಿ. ನೀರಿಗೆ ಪುಡಿ ಉದುರಿಸಿ, ಪುಡಿಗೆ ನೀರು ಸುರೀಬೇಡಿ, ಗಂಟಾಗುತ್ತೆ. ಬಿಗಿಯಾಗೋಕೆ ಶುರುವಾದ ಮೇಲೆ ಮತ್ತೆ ನೀರು ಬೆರೆಸಿದ್ರೆ ಬಲವೇ ಇರಲ್ಲ. ಒಂದೊಂದು ಬಾಂಡ್ಲಿಯಷ್ಟೇ ಕಲಸಿ.

ಉತ್ತರ 2: ಹಿಂದೆ 4 ಅಡಿಗೊಂದು ತ್ರಿಕೋನದ ಆಸರೆ ಕೊಡಿ, ಬುಡಕ್ಕೆ ಮರಳುಮೂಟೆ. ಮೂಟೆ ಗೋಡೆಗೆ ಒತ್ತಿ ಇಟ್ರೆ ಪ್ರಯೋಜನವಿಲ್ಲ, ಆಸರೆಯ ಹಿಂದಿನ ತುದಿಗೇ ಹೇರಿ.

ಉತ್ತರ 3: ಮಳೆಗಾಲ ದಾಟಬೇಕಂದ್ರೆ ಪಿಒಪಿ ಬೇಡ, ನೆನೆದ್ರೆ ಮೆತ್ತಗಾಗುತ್ತೆ. ನಿಜವಾದ ಕಲ್ಲುಕಟ್ಟಡದ ಅಚ್ಚು ತೆಗೆದು ಫೈಬರ್‌ನಲ್ಲಿ ಎರಕ ಹೊಯ್ಯಿರಿ. ಉಳಿಯ ಗುರುತು ಸಹಿತ ಬರುತ್ತೆ, ನೋಡೋಕೆ ಎಷ್ಟು ಚೆಂದ!