ಜಾನ್ ಲಾಯ್ಡ್ ಬರೆದದ್ದೆಷ್ಟು, ತಿದ್ದಿದ್ದೆಷ್ಟು?

ತುಂಗಾತೀರ: ಬ್ರಿಟನ್ನಿನ ಹಳೇ ಹಾಸ್ಯ ಕಾರ್ಯಕ್ರಮಗಳಲ್ಲಿ ನಿರ್ಮಾಪಕ ಜಾನ್ ಲಾಯ್ಡ್ ಹೆಸರು ಮತ್ತೆ ಮತ್ತೆ ಸಿಗುತ್ತೆ. ರೇಡಿಯೊದಲ್ಲಿ ದಿ ನ್ಯೂಸ್ ಕ್ವಿಜ್, ಟಿವಿಯಲ್ಲಿ ನಾಟ್ ದಿ ನೈನ್ ಓ'ಕ್ಲಾಕ್ ನ್ಯೂಸ್, ಐತಿಹಾಸಿಕ ಹಾಸ್ಯದ ಬ್ಲ್ಯಾಕ್ಯಾಡರ್, ಬೊಂಬೆಗಳ ಸ್ಪಿಟಿಂಗ್ ಇಮೇಜ್, ಆಮೇಲೆ ಪ್ಯಾನೆಲ್ ಕಾರ್ಯಕ್ರಮ ಕ್ಯೂಐ. ಆದರೆ ಬರಹಗಾರರ ಪಟ್ಟಿಯಲ್ಲಿ ಅವರು ಅಪರೂಪ. ನಮ್ಮ ಸಿನಿಮಾ ನಿರ್ಮಾಪಕರ ಹಾಗೆ ದುಡ್ಡು ಹಾಕುವ ಕೆಲಸ ಅಲ್ಲ ಅಂತ ಗೊತ್ತು. ಹಾಗಾದರೆ ದಿನಾ ಮಾಡುತ್ತಿದ್ದದ್ದೇನು?

ಮೈಕಿನ ಹಿಂದೆ: 1974ರಲ್ಲಿ ಬಿಬಿಸಿ ರೇಡಿಯೊ ಸೇರಿದಾಗ ಅವರು ಸಂಬಳದ ನಿರ್ಮಾಪಕ. ಅಲ್ಲಿ ಆ ಹುದ್ದೆಯವರು ಸ್ಕ್ರಿಪ್ಟ್ ಆರಿಸಬೇಕು, ತಿದ್ದಬೇಕು, ನಟರನ್ನು ಗೊತ್ತುಮಾಡಬೇಕು, ರೆಕಾರ್ಡಿಂಗ್ ನಡೆಸಬೇಕು, ಕೊನೆಗೆ ಎಡಿಟಿಂಗೂ ಅವರ ಹೊಣೆಯೇ. ನಾಟಕದ ನಿರ್ದೇಶಕ ಮತ್ತು ಪತ್ರಿಕೆಯ ಸಂಪಾದಕ ಒಬ್ಬರೇ ಆದ ಹಾಗೆ.

ಕಲಿಯಬೇಕಾದ ಮೊದಲ ವಿಷಯ ಸಮಯ. ಅರ್ಧ ಗಂಟೆಯ ಕಾರ್ಯಕ್ರಮಕ್ಕೆ ಕೈಗೆ ಸಿಗುವುದು ಸುಮಾರು 28 ನಿಮಿಷ. ಪ್ರೇಕ್ಷಕರ ಎದುರು ರೆಕಾರ್ಡ್ ಮಾಡಿದರೆ ನಗು ಸೇರಿ ಅದೇ ಸ್ಕ್ರಿಪ್ಟ್ ಹಿಗ್ಗುತ್ತೆ. ಹಾಗಂತ ಕಮ್ಮಿ ಬರೆದುಕೊಂಡು ಹೋದರೆ, ನಗು ಬಾರದ ಸಂಜೆ ಕತ್ತರಿಸಲು ಏನೂ ಉಳಿದಿರುವುದಿಲ್ಲ. ಹೆಚ್ಚೇ ರೆಕಾರ್ಡ್ ಮಾಡಿ ಆಮೇಲೆ ಬಿಸಾಡಬೇಕು. ತಪ್ಪಿದ ಸಾಲನ್ನು ಮತ್ತೆ ಹೇಳಿಸಿದರೆ ಎರಡನೇ ಸಲದ ನಗು ಪೇಲವ. ಅದಕ್ಕೇ ಎರಡನೇ ಸಲದ ಮಾತು ಇಟ್ಟುಕೊಂಡು, ಮೊದಲ ಸಲದ ನಗುವನ್ನು ಅದಕ್ಕೆ ಅಂಟಿಸುವುದುಂಟು.

ಟೇಪು ಬ್ಲೇಡು: ಅಂಟಿಸುವುದು ಆಗ ಅಕ್ಷರಶಃ ಅಂಟಿಸುವುದೇ. ಕಾಲಿಂಚು ಅಗಲದ ಟೇಪು, ಮೇಣದ ಪೆನ್ಸಿಲ್ಲಲ್ಲಿ ಗುರುತು, ರೇಜರ್ ಬ್ಲೇಡಿನಲ್ಲಿ ಓರೆ ಕೊಯ್ತ. ಸೆಕೆಂಡಿಗೆ 7.5 ಇಂಚು ಓಡುವ ಟೇಪಾದರೆ ಅರ್ಧ ಸೆಕೆಂಡಿನ ತಡವರಿಕೆ ನಾಲ್ಕಿಂಚಿಗೂ ಕಮ್ಮಿ. ಹೊಸಬರು ಕೆಡಿಸುವುದು ನಗುವಿನ ಬಾಲದಲ್ಲಿ. ನಗು ಏರುತ್ತಿರುವಾಗ ಕತ್ತರಿಸಿದರೆ ಕಿವಿಗೆ ಎಡವಿದಂತಾಗುತ್ತೆ. ಅದು ಇಳಿಯುವಾಗ, ಮುಂದಿನ ಮಾತಿನ ಮೊದಲ ವ್ಯಂಜನಕ್ಕೆ ಸರಿಯಾಗಿ ಕತ್ತರಿಸಬೇಕು. ಈಗ ಕಂಪ್ಯೂಟರಿನಲ್ಲಿ ಮಾಡಿದರೂ ನಿಯಮ ಇದೇ. ಖಾಲಿ ಸಭಾಂಗಣದ ಸದ್ದನ್ನು ಒಂದು ನಿಮಿಷ ಪ್ರತ್ಯೇಕ ರೆಕಾರ್ಡ್ ಮಾಡಿಟ್ಟುಕೊಳ್ಳಿ, ಸಂದುಗಳಿಗೆ ಬೇಕಾಗುತ್ತೆ.

ಇನ್ನು ಬರೆದದ್ದೇ ಇಲ್ಲ ಅನ್ನಬೇಡಿ. 1978ರ ಹಿಚ್‌ಹೈಕರ್ಸ್ ಗೈಡ್ ಅನ್ನುವ ವೈಜ್ಞಾನಿಕ ಹಾಸ್ಯದ ರೇಡಿಯೊ ಸರಣಿಯಲ್ಲಿ ಅದರ ಲೇಖಕ ಡಗ್ಲಸ್ ಆಡಮ್ಸ್‌ಗೆ ಡಾಕ್ಟರ್ ಹೂ ಟಿವಿ ಸರಣಿಯ ಕೆಲಸವೂ ಮೈಮೇಲೆ ಬಿದ್ದಿತ್ತು. 5 ಮತ್ತು 6ನೇ ಕಂತುಗಳಿಗೆ ಲಾಯ್ಡ್ ಜೊತೆಗೂಡಿ ಬರೆದರು. ಅದರ ನಿರ್ಮಾಪಕ ಮಾತ್ರ ಜೆಫ್ರಿ ಪರ್ಕಿನ್ಸ್, ಪೈಲಟ್ ಅಂದರೆ ಪ್ರಾಯೋಗಿಕ ಕಂತಿಗೆ ಸೈಮನ್ ಬ್ರೆಟ್.

ತುಂಗಾತೀರ: ಟಿವಿಗೆ ಹೋದಮೇಲೆ?

ಕಂಟ್ರೋಲ್ ರೂಮು: ನಾಟ್ ದಿ ನೈನ್ ಓ'ಕ್ಲಾಕ್ ನ್ಯೂಸ್ 1979ರ ವಸಂತದಲ್ಲೇ ಬರಬೇಕಿತ್ತು. ಚುನಾವಣೆ ಘೋಷಣೆಯಾಗಿ ಬಿಬಿಸಿ ತಡೆಯಿತು, ಶುರುವಾದದ್ದು ಅಕ್ಟೋಬರ್‌ನಲ್ಲಿ. ಲಾಭವೇ ಆಯಿತು ಅನ್ನುವುದು ನನ್ನ ಅಭಿಪ್ರಾಯ, ಮೊದಲ ಪ್ರಯತ್ನವನ್ನು ಪಕ್ಕಕ್ಕಿಟ್ಟು ತಂಡವನ್ನೇ ಹೊಸದಾಗಿ ಕಟ್ಟಲು ಸಮಯ ಸಿಕ್ಕಿತು.

ನಿರ್ಮಾಪಕನ ಕೈವಾಡ ಚೆನ್ನಾಗಿ ಕಾಣುವುದು ಬ್ಲ್ಯಾಕ್ಯಾಡರ್‌ನಲ್ಲಿ. 1983ರ ಮೊದಲ ಸರಣಿಯಲ್ಲಿ ಕೋಟೆ, ಕುದುರೆ, ಹೊರಾಂಗಣ ಚಿತ್ರೀಕರಣ, ವಿಪರೀತ ಖರ್ಚು. ಎರಡನೆಯದನ್ನು ಬಿಬಿಸಿಯ ಮೇಲಧಿಕಾರಿ ಮೈಕೆಲ್ ಗ್ರೇಡ್ ನಿಲ್ಲಿಸುವುದರಲ್ಲಿದ್ದರು. 1986ರಲ್ಲಿ ಅದು ಉಳಿದುಕೊಂಡದ್ದು ಸ್ಟುಡಿಯೊಗೆ ಬಂದು, ಕೆಲವೇ ಸೆಟ್‌ಗಳಿಗೆ ಇಳಿದು. ದುಡ್ಡು ಕಮ್ಮಿಯಾದಾಗ ಭಾರವೆಲ್ಲ ಮಾತಿನ ಮೇಲೆ ಬಿತ್ತು, ರೇಡಿಯೊ ಅಭ್ಯಾಸ ಅಲ್ಲಿ ಕೈಹಿಡಿಯಿತು. ರಿಹರ್ಸಲ್‌ನಲ್ಲಿ ನಟರೂ ಲಾಯ್ಡ್ ಕೂಡ ಒಂದೊಂದು ಉಪಮೆಗೂ ಜಗ್ಗಾಡುತ್ತಿದ್ದರು. ಸ್ಕ್ರಿಪ್ಟ್ ಬರೆದ ರಿಚರ್ಡ್ ಕರ್ಟಿಸ್, ಬೆನ್ ಎಲ್ಟನ್‌ಗೆ ಅದು ಯಾವಾಗಲೂ ಹಿತವಾಗಿರಲಿಲ್ಲ.

1989ರ ಕೊನೇ ಕಂತಿನ ಮುಕ್ತಾಯವೂ ಎಡಿಟಿಂಗ್‌ನಲ್ಲೇ ಹುಟ್ಟಿದ್ದು. ಮೊದಲ ಮಹಾಯುದ್ಧದ ಸೈನಿಕರು ಕಂದಕದಿಂದ ಮೇಲೆದ್ದು ಓಡುವ ದೃಶ್ಯ ಸೆಟ್‌ನಲ್ಲಿ ಸಪ್ಪೆಯಾಗಿ ಬಂದಿತ್ತು. ಅದನ್ನು ನಿಧಾನಗತಿಗೆ ಎಳೆದು ಗಸಗಸೆ ಹೂವಿನ ಬಯಲಿಗೆ ಕರಗಿಸಿದರು. ಸ್ಕ್ರಿಪ್ಟ್‌ನಲ್ಲಿ ಅದು ಇರಲಿಲ್ಲ.

ಮೈಕಿನ ಹಿಂದೆ: ಸ್ಪಿಟಿಂಗ್ ಇಮೇಜ್‌ನದು ಬೇರೆ ತಲೆನೋವು. ಅದು 1984ರಲ್ಲಿ ಐಟಿವಿ ಅನ್ನುವ ಖಾಸಗಿ ವಾಹಿನಿಗೆ, ಬಿಬಿಸಿಗಲ್ಲ. ಜೋಕು ಸಂಜೆಯೊಳಗೆ ಹುಟ್ಟುತ್ತೆ, ಬೊಂಬೆ ಹುಟ್ಟಲ್ಲ. ಮಣ್ಣಿನಲ್ಲಿ ತಲೆ ಮಾಡಿ, ಅಚ್ಚು ತೆಗೆದು, ರಬ್ಬರ್ ಎರಕ ಹೊಯ್ಯಬೇಕು. ಯಾರು ಸುದ್ದಿಯಾಗುತ್ತಾರೆ ಅಂತ ಮೊದಲೇ ಊಹಿಸಿರಬೇಕು, ಇಲ್ಲದಿದ್ದರೆ ಇರುವ ಬೊಂಬೆಗಳಿಗೇ ಜೋಕು ಬರೆಯಬೇಕು.

ಟೇಪು ಬ್ಲೇಡು: ಕ್ಯೂಐ ನೋಡಿ, 2003ರಿಂದ. ಅರ್ಧ ಗಂಟೆಗಾಗಿ ಎರಡು ಗಂಟೆ ಹತ್ತಿರ ರೆಕಾರ್ಡಿಂಗ್. ನ್ಯೂಸ್ ಕ್ವಿಜ್ ಶುರುಮಾಡಿದ ಲಾಯ್ಡ್ ಪ್ಯಾನೆಲ್ ಹರಟೆಯನ್ನು ಹೇಗೆ ಕತ್ತರಿಸಬೇಕು ಅಂತ 1977ರಲ್ಲೇ ಕಲಿತಿದ್ದರು.