ಭಾನುವಾರ ಬೇಸ್‌ಬಾಲಾ, ಕನ್ನಡ ಕ್ಲಾಸಾ?

ಸಾಗರದವಳು:
ಎಲ್ಲರಿಗೂ ನಮಸ್ಕಾರ. ಬಾಸ್ಟನ್ ಹತ್ರ ಬಂದು ಮೂರು ವರ್ಷ ಆಯ್ತು. ಮಗನಿಗೆ ಹತ್ತು. ಭಾನುವಾರ ಬೆಳಿಗ್ಗೆ ಹತ್ತಕ್ಕೆ ಕನ್ನಡ ಕ್ಲಾಸು, ಅದೇ ಹೊತ್ತಿಗೆ ಬೇಸ್‌ಬಾಲ್ ಪ್ರಾಕ್ಟೀಸು. ಎರಡು ವಾರದಿಂದ ಕ್ಲಾಸಿಗೆ ಬರಲ್ಲ ಅಂತ ಹಟ. ಒತ್ತಕ್ಷರ ಇನ್ನೂ ತಡವರಿಸ್ತಾನೆ, ಇಲ್ಲಿನ ಬೇಸ್‌ಬಾಲ್ ಟೀಮು ರೆಡ್ ಸಾಕ್ಸ್‌ನ 2004ರ ಆಟಗಾರರನ್ನ ಮಾತ್ರ ನಿದ್ದೆಗಣ್ಣಲ್ಲೂ ಒಪ್ಪಿಸ್ತಾನೆ. ಅವನು ಹುಟ್ಟೋ ಎಷ್ಟೋ ವರ್ಷ ಮುಂಚಿನ ಕತೆ! ನನಗೆ ಆ ಆಟದ ತಲೆಬುಡ ಗೊತ್ತಿಲ್ಲ. ಕ್ಲಾಸ್ ಬಿಡಿಸಿದ್ರೆ ತಪ್ಪಾ? ಬೇರೆ ದಿನ ಯಾರಾದ್ರೂ ಕಲಿಸ್ತಾರಾ?

ಧಾರವಾಡದಂವ:
ತಂಗಿ, 2004 ಅಂದ್ರ ಏನಂತ ಗೊತ್ತಿದ್ರ ಹಿಂಗ ಕೇಳತಿದ್ದಿಲ್ಲ. ನಾ ಇಲ್ಲಿಗೆ ಬಂದದ್ದು 1985ರಾಗ. ಮರುವರ್ಷ ವರ್ಲ್ಡ್ ಸೀರೀಸ್, ಅಂದ್ರ ಬೇಸ್‌ಬಾಲ್ ಫೈನಲ್, ಏಳರಾಗ ನಾಕ ಮ್ಯಾಚ್ ಗೆದ್ದವರಿಗೆ ಕಪ್. ಆರನೇ ಮ್ಯಾಚು, ಹತ್ತನೇ ಇನ್ನಿಂಗ್ಸು, 5-3 ಮುಂದ ಇದ್ವಿ. ಇನ್ನೊಂದ ಸ್ಟ್ರೈಕ್ ಬಿದ್ದಿದ್ರ ಕಪ್ ನಮ್ಮದು. ಬೀಳಲಿಲ್ಲ. ಕಡೀಕ ನಮ್ಮ ಫೀಲ್ಡರ್ ಬಕ್ನರನ ಕಾಲ ನಡುವ ಚೆಂಡು ತೂರಿ ಹೋತು. ಊರೆಲ್ಲಾ ಅವನ್ನ ಬೈತು, ಸ್ಕೋರ್ ಅದಕ್ಕೂ ಮೊದಲ ಸಮ ಆಗಿತ್ತು ಅನ್ನೂದು ಯಾರಿಗೂ ಬೇಕಾಗಿರಲಿಲ್ಲ. ಸೋಮವಾರ ನಮ್ಮ ಲ್ಯಾಬಿನ್ಯಾಗ ಒಬ್ಬ ಮುದುಕ ಊಟದ ಡಬ್ಬಿ ಮುಚ್ಚಳ ತೆಗೀತಿದ್ದ, ಮುಚ್ಚತಿದ್ದ, ತೆಗೀತಿದ್ದ. ತಿನ್ನಲಿಲ್ಲ. ನನಗ ಆಟ ತಿಳಿದಿದ್ದು ಅವತ್ತ.

ಆ ಮಂದಿ 1918ರಾಗ ಗೆದ್ದ ಮ್ಯಾಲ ಇನ್ನೊಂದ ಕಪ್ಪಿಗೆ ಕಾದವರು. ತಮ್ಮ ದೊಡ್ಡ ಆಟಗಾರ ಬೇಬ್ ರೂತ್‌ನ್ನ ನ್ಯೂಯಾರ್ಕಿನ ಯಾಂಕೀಸ್ ಟೀಮಿಗೆ ಮಾರಿದ್ದಕ್ಕ ಶಾಪ ತಟ್ಟೇದ ಅಂತ ನಂಬಿದವರು. 2004ರ ಅಕ್ಟೋಬರ್ 27, ಖಗ್ರಾಸ ಚಂದ್ರಗ್ರಹಣ. ಮನಿಯಾಕಿ ಗ್ರಹಣದಾಗ ಊಟ ಇಲ್ಲ ಅಂದಳು. ಹಸಗೊಂಡ ಟಿವಿ ಮುಂದ ಕೂತೆ. ಗ್ರಹಣ ಬಿಡೂದರೊಳಗ ಫೈನಲ್ಲಿನ ಎದುರಾಳಿ ಕಾರ್ಡಿನಲ್ಸ್ ಸೋತು ಸುಣ್ಣ ಆಗಿದ್ರು, ನಾಲ್ಕಕ್ಕ ನಾಲ್ಕೂ ಮ್ಯಾಚು ನಮ್ಮವ. ಆಮ್ಯಾಲ ಮಂದಿ ಸ್ಮಶಾನಕ್ಕ ಹೋಗಿ ಅಪ್ಪ-ಅಜ್ಜನ ಗೋರಿ ಮ್ಯಾಲ ಟೋಪಿ ಇಟ್ಟು ಬಂದ್ರು.

ಮಂಡ್ಯದ್ ಹೈದ:
ಅಣ್ಣೋ, ಇದು ನಮ್ ಆರ್‌ಸಿಬಿ ಕತೆನೇ ಅಲ್ವಾ! ನಾವು 18ನೇ ಸೀಸನ್‌ಗಂಟ ಕಾದು, 2025ರಲ್ಲಿ ಆರು ರನ್ನಲ್ಲಿ ಗೆದ್ವಿ. 86 ವರ್ಸ ಅಂದ್ರೆ ನಾನ್ ಕೊಹ್ಲಿ ಮೊಮ್ಮಗನ್ ಆಟ ನೋಡ್ಬೇಕಿತ್ತು.

ಕುಂದಾಪ್ರದವರು:
ಸಾಗರದವರೇ, ಬುಧವಾರ ಸಂಜೆ ಆರೂವರೆಗೆ ಆನ್‌ಲೈನ್ ಕ್ಲಾಸ್ ಉಂಟು. ಎಂಟು ಮಕ್ಕಳಿದ್ದಾರೆ, ಲಿಂಕ್ ಕೆಳಗೆ ಹಾಕಿದ್ದೇನೆ. ಕೋಚಿಗೂ ಒಂದು ಮೇಲ್ ಹಾಕಿ ನೋಡಿ, ನಮ್ಮ ಮಗಳಿಗೆ ಶನಿವಾರದ ಪ್ರಾಕ್ಟೀಸ್ ಮಾಡಿಕೊಟ್ಟಿದ್ದರು. ಸೀಸನ್ ಶುರುವಾಗುವ ಮೊದಲೇ ಕೇಳಬೇಕು.

ಮಲ್ಲೇಶ್ವರಂ ರಾಯರು:
ಲಿಂಕು ಗಿಂಕು ಆಮೇಲೆ. ಮನೆಯಲ್ಲಿ ಯಾವ ಭಾಷೆ ಆಡ್ತೀರಿ, ಮೊದಲು ಅದನ್ನು ಹೇಳಿ. ಹತ್ತು ವರ್ಷದ ಹುಡುಗ ಹಟ ಮಾಡಿದನಂತೆ, ಇವರು ಗುಂಪಿಗೆ ಬಂದು ಕೇಳಿದರಂತೆ! ನನ್ನ ಇಬ್ಬರು ಮಕ್ಕಳು ಹನ್ನೊಂದು ವರ್ಷ ಒಂದು ಭಾನುವಾರವೂ ತಪ್ಪಿಸಿಲ್ಲ. ಹಿಮ ಬಿದ್ದಾಗ ಕಾರು ಬಿಟ್ಟು ನಡೆಸಿಕೊಂಡು ಹೋಗಿದ್ದೇನೆ. ಇಬ್ಬರೂ ಬಸವಣ್ಣನ ವಚನ ಬಾಯಿಪಾಠ ಹೇಳ್ತಾರೆ. ಚೆಂಡು ಹಿಡಿಯೋದು ಯಾರು ಬೇಕಾದ್ರೂ ಕಲಿಸ್ತಾರೆ, ಕನ್ನಡ ಇಲ್ಲಿ ಯಾರು ಕಲಿಸ್ತಾರೆ? ಇನ್ನೊಂದು ಹತ್ತು ವರ್ಷ ಬಿಟ್ಟು ಅಜ್ಜಿ ಜೊತೆ ಮಾತಾಡೋಕೆ ದುಭಾಷಿ ಬೇಕಾಗುತ್ತೆ, ಬರೆದಿಟ್ಟುಕೊಳ್ಳಿ.

ಮಂಡ್ಯದ್ ಹೈದ:
ರಾಯರೇ, ಬೇಜಾರ್ ಮಾಡ್ಕೋಬೇಡಿ. ರಾಜ್ಯೋತ್ಸವದಲ್ಲಿ ನಿಮ್ ಮಗನ್ನ ಪುಳಿಯೋಗರೆ ಬೇಕಾ ಅಂತ ಕೇಳಿದೆ. ‘ಆಮ್ ಗುಡ್’ ಅಂದ.

ಮಲ್ಲೇಶ್ವರಂ ರಾಯರು:
ಅವನಿಗೆ ಅವತ್ತು ಹೊಟ್ಟೆ ಸರಿಯಿರಲಿಲ್ಲ. ವಿಷಯಾಂತರ ಬೇಡ.

ವೂಸ್ಟರ್ ಅಮ್ಮ:
ನಾನು ರಾಯರ ಹಾಗೇ ಮಾಡಿದವಳು. ಮಗಳಿಗೆ ಸಾಫ್ಟ್‌ಬಾಲ್ ಬಿಡಿಸಿದೆ. 2013ರ ಏಪ್ರಿಲ್‌ನಲ್ಲಿ ಮ್ಯಾರಥಾನ್ ದಿನ ಬಾಂಬ್ ಸಿಡಿದು, ಆ ವಾರದ ಕೊನೆಗೆ ಬಾಸ್ಟನ್ ಜನಕ್ಕೆ ಬಾಗಿಲು ಹಾಕ್ಕೊಂಡು ಮನೆಯಲ್ಲೇ ಇರಿ ಅಂದಿದ್ದು ಹಳಬರಿಗೆ ನೆನಪಿರಬೇಕು. ಅದರ ಹಿಂದಿನ ವರ್ಷ ರೆಡ್ ಸಾಕ್ಸ್ 93 ಮ್ಯಾಚ್ ಸೋತು ತಮ್ಮ ಡಿವಿಷನ್ನಲ್ಲಿ ಕಟ್ಟಕಡೆಗಿದ್ದ ಟೀಮು. ಅದೇ ಟೀಮು 2013ರ ಅಕ್ಟೋಬರಿನಲ್ಲಿ ಫೆನ್ವೇನಲ್ಲೇ ವರ್ಲ್ಡ್ ಸೀರೀಸ್ ಗೆದ್ದಿತು. 1918 ಆದ ಮೇಲೆ ಸ್ವಂತ ಮೈದಾನದಲ್ಲಿ ಗೆದ್ದಿದ್ದು ಆಗಲೇ. ಮಗಳು ಮೆಟ್ಟಿಲ ಮೇಲೆ ಕೂತು ಅಳ್ತಿದ್ದಳು. ಯಾಕೆ ಅಂತ ಕೇಳಲಿಲ್ಲ. ಬೆಳಿಗ್ಗೆ ಸ್ಕೂಲಿದೆ, ಮಲಗು ಅಂದೆ. ಈಗ ಕನ್ನಡ ಪೇಪರ್ ಓದ್ತಾಳೆ. ವಾರಕ್ಕೊಂದು ಸಲ ಫೋನ್ ಮಾಡ್ತಾಳೆ, ನಾಲ್ಕು ನಿಮಿಷ.

ಮಲ್ಲೇಶ್ವರಂ ರಾಯರು:
ಓದ್ತಾಳೆ ಅಂದ್ರಲ್ಲ, ನಾನು ಹೇಳಿದ್ದೂ ಅದನ್ನೇ.

ಧಾರವಾಡದಂವ:
ರಾಯರ, ಆಕಿ ಏನ ಬರದಾಳ ಇನ್ನೊಮ್ಮೆ ಓದ್ರಿ. ಮತ್ತ 2018ರ ಟೀಮ್ ಬಗ್ಗೆ ಯಾರೂ ಮಾತಾಡಲಿಲ್ಲ, 108 ಗೆಲುವು! ಆದ್ರ ಖರೇ ಹೇಳ್ತೇನಿ, ಆ ವರ್ಷ ಎದಿ ಡವಡವ ಅನ್ನಲಿಲ್ಲ.

ಸಾಗರದವಳು:
ಎಲ್ಲರದ್ದೂ ಓದಿದೆ. ನಿನ್ನೆ ಸಾಗರದಿಂದ ಮಾವ ವಿಡಿಯೋ ಕಾಲ್ ಮಾಡಿದ್ರು. ಎಂದೂ ‘ಹ್ಞೂ’, ‘ಊಟ ಆಯ್ತು’ ಅಂತ ಮುಗಿಸೋ ಮಗ ಅರ್ಧ ಗಂಟೆ ಕೂತ. 2004ರಲ್ಲಿ ವರ್ಲ್ಡ್ ಸೀರೀಸಿಗೆ ಮುಂಚಿನ ಸುತ್ತಲ್ಲಿ ರೆಡ್ ಸಾಕ್ಸ್ ಯಾಂಕೀಸ್ ಹತ್ರ ಮೂರು ಮ್ಯಾಚ್ ಸೋತಾಗಿತ್ತಂತೆ, ಮೂರನೆಯದು 19-8. ನಾಲ್ಕನೆಯದರಲ್ಲೂ ಒಂಬತ್ತನೇ ಇನ್ನಿಂಗ್ಸಿಗೆ ಒಂದು ರನ್ ಹಿಂದೆ. ಆಗ ಡೇವ್ ರಾಬರ್ಟ್ಸ್ ಅನ್ನೋನನ್ನ ಬರೀ ಓಡೋಕೆ ಅಂತ ಇಳಿಸಿದ್ರು. ಅವನು ಓಡ್ತಾನೆ ಅಂತ ಎದುರಾಳಿಗಳಿಗೂ ಗೊತ್ತು. “ಅಜ್ಜ, ಆದ್ರೂ ಅವನು ಸೆಕೆಂಡ್ ಬೇಸ್ ಕದ್ದಿದ!” ಅಂತ ಗ್ಲೌಸ್ ಹಾಕ್ಕೊಂಡೇ ಕಾರ್ಪೆಟ್ ಮೇಲೆ ಜಾರಿ ತೋರಿಸಿದ. ‘ಕದ್ದಿದ’ ಅಂದಿದ್ದನ್ನ ನಾನು ತಿದ್ದಲಿಲ್ಲ. ಮಾವ ಎಲೆ ಅಡಿಕೆ ಪಕ್ಕಕ್ಕೆ ತಳ್ಳಿ, “ಕದ್ದವನಿಗೆ ಚಪ್ಪಾಳೆಯಾ? ಎಂತ ಊರು ಮಾರಾಯ ಅದು!” ಅಂದ್ರು. ಬ್ಯಾಟ್ ಹಿಡಿದವನು ಚೆಂಡು ಹೊಡೆಯದಿದ್ರೂ ಮುಂದಿನ ಬೇಸಿಗೆ ಓಡಿ ಸೇರೋದನ್ನ ಆಟದಲ್ಲಿ ಕದಿಯೋದು ಅಂತಾರೆ ಅಂತ ವಿವರಿಸೋಕೆ ಇನ್ನೂ ಹದಿನೈದು ನಿಮಿಷ. ಹನ್ನೆರಡನೇ ಇನ್ನಿಂಗ್ಸಲ್ಲಿ ಓರ್ಟಿಜ್ ಹೋಂ ರನ್ ಹೊಡೆಯೋ ಹೊತ್ತಿಗೆ ಅತ್ತೆಯೂ ಬಂದು ಕೂತಿದ್ರು. ಆಮೇಲೆ ಮೂರೂ ಗೆದ್ದು ಯಾಂಕೀಸನ್ನ ಮನೆಗೆ ಕಳಿಸಿದ್ದು ನಾಳೆಗೆ ಅಂತ ಇಟ್ಕೊಂಡಿದ್ದಾನೆ.

ಅಂದ ಹಾಗೆ, ಬುಧವಾರದ ಕ್ಲಾಸಿನ ಲಿಂಕ್ ಮೇಲೆಲ್ಲೋ ಹೋಯ್ತು. ಇನ್ನೊಂದ್ಸಲ ಹಾಕ್ತೀರಾ?

ಮಲ್ಲೇಶ್ವರಂ ರಾಯರು:
ಮನೆಯಲ್ಲಿ ಯಾವ ಭಾಷೆ ಅಂತ ಇನ್ನೂ ಹೇಳಲಿಲ್ಲ ನೀವು.